ಅಂಗೈಯಲ್ಲಿನ ಹಿಂದಿ



೨೦೧೭ನೆಯ ಇಸವಿಯ ಜೂನ್ ತಿಂಗಳಿನಲ್ಲಿ ಜಯನಗರ, ಬನಶಂಕರಿ, ಜೆ.ಪಿ. ನಗರಗಳ ಮೇಲೆ ಹಾದು ಯಲಚೇನಹಳ್ಳಿಯವರೆಗೆ ಮೆಟ್ರೋ ರೈಲಿನ ಸಂಚಾರವು ಆರಂಭವಾಯಿತಷ್ಟೆ. ನಿಲ್ದಾಣದ ಫಲಕಗಳಲ್ಲಿ ಕನ್ನಡ, ಇಂಗ್ಲಿಷುಗಳೊಡನೆ ಹಿಂದಿಯೂ ಇದ್ದುದನ್ನು ಕಂಡು ಜನರು ಅಸಮಾಧಾನಗೊಂಡು, ಅಂತರ್ಜಾಲದಲ್ಲಿಯೇ ದೊಡ್ಡ ಚಳವಳಿಯನ್ನು ಹೂಡಿದರು. ರಾಜ್ಯಸರಕಾರವೂ ಅವರ ಪಕ್ಷವನ್ನು ವಹಿಸಲು, ಹಿಂದಿಯ ಬರಹಗಳು ಮರೆಯಾದುವು. ಫಲಕದ ಮಾತು ಅಲ್ಲಿಗೆ ತೀರಿತು. ಆದರೆ ಅದೇ ನಿಲ್ದಾಣದಲ್ಲಿ ಗಾಡಿಗಾಗಿ ಕಾದು ನಿಂತ ಕನ್ನಡದ ಬಾಲಕನ ಅಂಗೈಯಲ್ಲಿ ಕುಣಿಯುವ ಹಿಂದಿಯನ್ನು ಅಳಿಸುವವರು ಯಾರು?

೨೦೧೬ನೆಯ ಸೆಪ್ಟೆಂಬರಿನಿಂದ ಜಿಯೋ ಸಂಸ್ಥೆಯು ಮೊದಲು ಕೆಲವು ತಿಂಗಳು ಉಚಿತವಾಗಿಯೂ ಆಮೇಲೆ ಅಲ್ಪಬೆಲೆಗೂ ಅಂತರ್ಜಾಲವನ್ನು ಒದಗಿಸಲಾಗಿ, ವಿಡಿಯೋಗಳನ್ನು ನೋಡುವುದು ಬಡವನಿಗೂ ಸುಲಭವಾಯಿತು. ಟಿಕ್‌ಟಾಕನ್ನು ೨೦೨೦ರ ಜೂನಿನಲ್ಲಿ ಕೇಂದ್ರಸರಕಾರವು ನಿಷೇಧಿಸಿದರೂ, ಅದರ ಸ್ಥಾನದಲ್ಲಿ ರೀಲ್ಸ್, ಶಾರ್ಟ್ಸ್‌ಗಳು ಬಂದು ಕುಳಿತುವು. ನೋಡುವವನು ಯಾವುದರ ಮೇಲೆ ಎಷ್ಟು ಹೊತ್ತು ಕಣ್ಣಿಟ್ಟನೆಂಬುದನ್ನು ಗಣಿಸಿ ಅಂಥದನ್ನೇ ಮತ್ತೆ ಬಡಿಸುವುದು ಇವುಗಳ ಕ್ರಮ. ೨೦೧೧ರ ಜನಗಣತಿಯಂತೆ ಹಿಂದಿಯನ್ನು ಮಾತೃಭಾಷೆಯೆಂದು ಹೇಳಿದವರು ೫೨ ಕೋಟಿಗೂ ಮಿಕ್ಕವರು. ಕನ್ನಡವನ್ನು ಹೇಳಿದವರು ಸುಮಾರು ೪ ಕೋಟಿ ೩೭ ಲಕ್ಷ. ಜಾಹೀರಾತಿನ ಹಣವು ಎತ್ತ ಹರಿಯುವುದೆಂದು ಬೇರೆ ಹೇಳಬೇಕೆ? ಬಿ.ಟಿ.ಎಂ. ಬಡಾವಣೆಯಲ್ಲಿ ಉದ್ಯೋಗಕ್ಕಾಗಿ ಬಂದು ನೆಲಸಿದ ಉತ್ತರದವರು ತಮ್ಮ ನುಡಿಯ ವಿಡಿಯೋಗಳನ್ನು ನೋಡಿದರೆ ಅದು ಸಹಜವೇ. ಅವರ ಮೇಲೆ ಮುನಿಯತಕ್ಕುದಿಲ್ಲ.

ತಡೆಯಿಂದ ನುಡಿಯು ಉಳಿಯುವುದೆಂಬ ನಂಬುಗೆಯನ್ನಾದರೂ ಪರೀಕ್ಷಿಸಬೇಕು. ಪರಭಾಷೆಯ ಚಲಚ್ಚಿತ್ರಗಳಿಗೆ ಕನ್ನಡದ ಮಾತನ್ನು ಕೂಡಿಸಕೂಡದೆಂಬ ಕಟ್ಟು ಈ ನಾಡಿನಲ್ಲಿ ಬಹುಕಾಲ ನಡೆದುಬಂದಿತು. ಕಲಾವಿದರ ರಕ್ಷಣೆಯೇ ಅದರ ಉದ್ದೇಶವಾಗಿದ್ದಿತು. ಆದರೆ ಹಿಂದಿಯ ಚಿತ್ರವನ್ನು ನೋಡಬಯಸಿದ ಕನ್ನಡಿಗನು ನೋಡದೆ ಬಿಡಲಿಲ್ಲ. ಹಿಂದಿಯಲ್ಲಿಯೇ ನೋಡಿ, ಆ ನುಡಿಗೆ ಕಿವಿಯನ್ನು ಪಳಗಿಸಿಕೊಂಡನು. ೨೦೧೫ರಲ್ಲಿ ಭಾರತದ ಸ್ಪರ್ಧಾ ಆಯೋಗವು ಇಂತಹ ತಡೆಯು ಕಾನೂನಿಗೆ ವಿರುದ್ಧವೆಂದು ತೀರ್ಮಾನಿಸಿತು. ಇತ್ತ ೨೦೧೮ರ ‘ಕೆ.ಜಿ.ಎಫ್.’, ೨೦೨೨ರ ‘ಕಾಂತಾರ’ಗಳು ಕನ್ನಡದಲ್ಲಿ ಹುಟ್ಟಿ, ಹಿಂದಿಯ ಮಾತನ್ನು ತೊಟ್ಟು ಉತ್ತರದೇಶಗಳನ್ನೆಲ್ಲ ಸುತ್ತಿಬಂದುವು. ಅದರಲ್ಲಿಯೂ ‘ಕಾಂತಾರ’ದ ವಸ್ತು ಕರಾವಳಿಯ ಭೂತಕೋಲ; ಅಷ್ಟು ಒಳನಾಡಿನ ಸಂಗತಿಯು ಹಿಂದಿಯವರಿಗೆ ರುಚಿಸೀತೆಂದು ಮೊದಲು ಎಷ್ಟು ಮಂದಿ ನಂಬಿದ್ದರು? ಒಳ್ಳೆಯ ಪದಾರ್ಥವನ್ನು ಕನ್ನಡದಲ್ಲಿ ಸಿದ್ಧಗೊಳಿಸುವ ಉದ್ಯೋಗಕ್ಕೆ, ಅದರಲ್ಲಿಯೂ ಮಕ್ಕಳು ನೋಡತಕ್ಕ ವಿಡಿಯೋಗಳಿಗೆ, ಧನವುಳ್ಳವರೂ ವಿದ್ಯೆಯುಳ್ಳವರೂ ಕೈನೀಡಬೇಕಾದುದು ಆದಕಾರಣವೇ.

ಬನಶಂಕರಿಯ ಯಾವುದಾದರೊಂದು ಮನೆಯಲ್ಲಿ ಸಂಜೆಯ ಹೊತ್ತು ನೋಡಬಹುದು. ಮೊಮ್ಮಗನು ಪರದೆಯನ್ನು ನೋಡಿ ಗೊಳ್ಳೆಂದು ನಗುವನು. ಪೂಜೆ ಮುಗಿಸಿ ಬಂದ ಅಜ್ಜಿಯು “ಏನಪ್ಪಾ ಅದು, ನನಗೂ ಹೇಳು” ಎನ್ನುವಳು. ಹುಡುಗನು ಹೇಳತೊಡಗಿ, ಕನ್ನಡದ ಮಾತು ದೊರೆಯದೆ ಅರ್ಧಕ್ಕೆ ನಿಲ್ಲಿಸಿ, ಪುನಃ ಪರದೆಯ ಕಡೆಗೆ ತಿರುಗುವನು.