ಕೊಡಗಿನ ತೋಟ, ಬಸವನಗುಡಿಯ ಕಾಫಿಪುಡಿ

ಬೆಂಗಳೂರಿನ ಬಸವನಗುಡಿಯಲ್ಲಿ ಸಾಕಮ್ಮ ಗಾರ್ಡನ್ ಎಂಬ ಜಾಗವಿದೆ. ವಿಳಾಸ ಹೇಳುವಾಗ, ಆಟೋ ಹತ್ತುವಾಗ ಜನ ದಿನವೂ ಆ ಹೆಸರನ್ನು ಬಳಸುತ್ತಾರೆ. ಯಾರು ಈ ಸಾಕಮ್ಮ ಎಂದು ಕೇಳಿದರೆ ಹಳಬರು ಮಾತ್ರ, 'ಕಾಫಿಪುಡಿ ಸಾಕಮ್ಮನವರಲ್ಲವೇ' ಎಂದಾರು. ಆ ಕಾಫಿಪುಡಿಯ ಬೇರು ಇರುವುದು ನಮ್ಮ ಕೊಡಗಿನ ಮಣ್ಣಿನಲ್ಲಿ. ಬೆಂಗಳೂರು ಅವರ ಹೆಸರನ್ನು ಉಳಿಸಿಕೊಂಡಿದೆ. ಕೊಡಗಿನವರಾದ ನಾವೂ ಅವರನ್ನು ನಮ್ಮವರೆಂದು ನೆನೆಯಬೇಕು ಎನಿಸಿ ಈ ಬೆಳಗ್ಗೆ ಮಾತಿಗೆ ಕೂತಿದ್ದೇನೆ.

ಸಾಕಮ್ಮ ಹುಟ್ಟಿದ್ದು 1880ರಲ್ಲಿ, ತುಮಕೂರು ಸೀಮೆಯ ಬಿದರೆಯಲ್ಲಿ. ಬರದ ದೆಸೆಯಿಂದ ಮನೆಯವರು ಊರು ಬಿಟ್ಟು ಬೆಂಗಳೂರಿಗೆ ಬಂದರು. ಬಡತನದಲ್ಲೂ ಹುಡುಗಿ ಶಾಲೆಗೆ ಹೋದಳು, ಚೆನ್ನಾಗಿ ಓದಿದಳು. ಹೆಣ್ಣುಮಕ್ಕಳು ಅಕ್ಷರ ಕಲಿತರೆ ಸಾಕು ಎನ್ನುತ್ತಿದ್ದ ಆ ದಿನಗಳಲ್ಲಿ ಪರೀಕ್ಷೆ ಕಟ್ಟಿ ಪಾಸಾಗುವ ಮಟ್ಟಕ್ಕೆ ಹೋಗುವುದು ಬಹಳ ಅಪರೂಪ. ಆದರೂ ಹದಿನಾರು ತುಂಬುವ ಹೊತ್ತಿಗೆ ಮದುವೆಯಾಯಿತು. ಗಂಡ ಕೊಡಗಿನ ಶ್ರೀಮಂತ ಕಾಫಿ ತೋಟಗಾರ, ದೊಡ್ಡಮನೆ ಚಿಕ್ಕಬಸಪ್ಪಶೆಟ್ಟರು. ಸಾಕಮ್ಮ ಅವರ ಮೂರನೆಯ ಹೆಂಡತಿ. ಕೆಲವೇ ವರ್ಷಗಳಲ್ಲಿ ಶೆಟ್ಟರು ತೀರಿಕೊಂಡರು. ಇನ್ನೂ ಎಳೆಯ ವಯಸ್ಸಿನ ವಿಧವೆಯ ಕೈಗೆ ಕಾಫಿ ತೋಟಗಳು ಬಂದವು.

ಕೈಗೆ ಬಂದವು ಎಂದು ಹೇಳುವುದು ಸುಲಭ. ಆ ಕಾಲದಲ್ಲಿ ಗಂಡನ ಆಸ್ತಿಯ ಮೇಲೆ ವಿಧವೆಗಿದ್ದ ಹಕ್ಕು ತೀರಾ ಸೀಮಿತ. ಅವಿಭಕ್ತ ಕುಟುಂಬವಾದರೆ ಅನ್ನಬಟ್ಟೆಯ ಹಕ್ಕಷ್ಟೇ. ಮೈಸೂರು ಸಂಸ್ಥಾನ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆ ತಂದದ್ದು 1933ರಲ್ಲಿ, ಬ್ರಿಟಿಷ್ ಭಾರತದಲ್ಲಿ ಅಂಥದೊಂದು ಕಾಯಿದೆ ಬಂದದ್ದು 1937ರಲ್ಲಿ, ಪೂರ್ಣ ಒಡೆತನದ ಮಾತು ಕಾನೂನಾದದ್ದು 1956ರಲ್ಲಿ. ಅದಕ್ಕೂ ಎಷ್ಟೋ ವರ್ಷ ಮೊದಲೇ ಸಾಕಮ್ಮ ತೋಟದ ಲೆಕ್ಕದ ಪುಸ್ತಕ ತೆರೆದು ಕೂತಿದ್ದರು. ಶಾಲೆಯಲ್ಲಿ ಕಲಿತ ಓದುಬರಹ ಅಲ್ಲಿ ಕೈಹಿಡಿಯಿತೆಂದು ನಾನು ದೃಢವಾಗಿ ನಂಬುತ್ತೇನೆ. ಲೆಕ್ಕ ಓದಲು ಬಾರದ ಒಡತಿಯ ತೋಟ ಬೇರೆಯವರ ಪಾಲಾಗಲು ಎಷ್ಟು ಹೊತ್ತು ಬೇಕು!

ಕಾಫಿ ತೋಟ ನಡೆಸುವುದೆಂದರೆ ಏನೆಂದು ಇದನ್ನು ಕೇಳುತ್ತಿರುವ ಅನೇಕರಿಗೆ ನಾನು ಹೇಳಬೇಕಿಲ್ಲ. ಮಾರ್ಚ್, ಏಪ್ರಿಲ್‌ನಲ್ಲಿ ಹೂಮಳೆ ಹೊತ್ತಿಗೆ ಸರಿಯಾಗಿ ಬೀಳಬೇಕು. ಬಿದ್ದ ಕೆಲವೇ ದಿನಕ್ಕೆ ಗಿಡವೆಲ್ಲ ಬೆಳ್ಳಗಾಗುತ್ತದೆ. ಅದರ ಹಿಂದೆಯೇ ಇನ್ನೊಂದು ಮಳೆ, ನಮ್ಮವರು ಬ್ಯಾಕಿಂಗ್ ಎನ್ನುವ ಮಳೆ, ಬರದಿದ್ದರೆ ಹೂವು ಕಾಯಿ ಕಚ್ಚುವುದಿಲ್ಲ. ಸ್ಪ್ರಿಂಕ್ಲರ್ ಇಲ್ಲದ ಕಾಲ ಅದು. ಆಕಾಶ ನೋಡುವುದೊಂದೇ ದಾರಿ. ನೆರಳು ಸವರಬೇಕು, ಕಳೆ ತೆಗೆಸಬೇಕು, ಕಾಂಡ ಕೊರೆದ ಗಿಡ ಕಿತ್ತು ಸುಡಿಸಬೇಕು. ನವೆಂಬರ್ ಬಂತೆಂದರೆ ಕುಯ್ಲು. ಬಯಲುಸೀಮೆಯಿಂದ ಆಳುಗಳನ್ನು ಕರೆತರುವ ಮೇಸ್ತ್ರಿಗಳಿಗೆ ಮುಂಗಡ ಕೊಡಬೇಕು, ಕಣದಲ್ಲಿ ಹರಡಿದ ಬೀಜವನ್ನು ಇಬ್ಬನಿಯಿಂದ, ಅಕಾಲ ಮಳೆಯಿಂದ ಕಾಯಬೇಕು.

ಇಷ್ಟೆಲ್ಲ ಮಾಡಿದರೂ ಬೆಲೆ ನಮ್ಮ ಕೈಯಲ್ಲಿಲ್ಲ. ಫೌಲರ್ ಎಂಬ ಯುರೋಪಿಯನ್ 1854ರಲ್ಲಿ ಮಡಿಕೇರಿಯ ಬಳಿ ತೋಟ ಮಾಡಿದ ಮೇಲೆ ಕೊಡಗಿನ ಬೆಟ್ಟಗಳಲ್ಲಿ ಕಾಫಿ ವೇಗವಾಗಿ ಹಬ್ಬಿತು. 1860ರ ದಶಕದಲ್ಲಿ ಕಾಂಡಕೊರಕ, ಅದರ ಬೆನ್ನಿಗೆ ಎಲೆ ತುಕ್ಕು ರೋಗ ಎಷ್ಟೋ ತೋಟಗಳನ್ನು ಹಾಳುಗೆಡವಿದವು. ಶತಮಾನದ ಕೊನೆಗೆ ಬ್ರೆಜಿಲ್‌ನ ಕಾಫಿ ಪ್ರಪಂಚದ ಮಾರುಕಟ್ಟೆಗೆ ನುಗ್ಗಿ ಬೆಲೆ ಕುಸಿಯಿತು. ಸಾಕಮ್ಮ ಮದುವೆಯಾಗಿ ಬಂದದ್ದು ಹೆಚ್ಚುಕಡಿಮೆ ಆ ದಿನಗಳಲ್ಲೇ. ಬೀಜ ಬೆಳೆದು ಮೂಟೆ ಕಟ್ಟಿ ಕಳಿಸಿ, ಲಂಡನ್ನಿನಲ್ಲಿ ಯಾರೋ ಹೇಳಿದ ದರಕ್ಕೆ ತಲೆಬಾಗುವುದು ತೋಟಗಾರರ ಪಾಡಾಗಿತ್ತು.

ಸಾಕಮ್ಮನವರ ದೊಡ್ಡತನ ನನಗೆ ಕಾಣುವುದು ಅವರ ಮುಂದಿನ ಹೆಜ್ಜೆಯಲ್ಲಿ. 1920ರ ದಶಕದಲ್ಲಿ ಅವರು ಬೆಂಗಳೂರಿಗೆ ಬಂದು ಬಸವನಗುಡಿಯಲ್ಲಿ ಕಾಫಿ ಹುರಿದು ಪುಡಿ ಮಾಡಿ ಮಾರುವ ಉದ್ಯಮ ತೆರೆದರು. ಅದೇ ಸಾಕಮ್ಮ ಕಾಫಿ ವರ್ಕ್ಸ್. ಬೆಂಗಳೂರು ಆಗ ಕಾಫಿಯ ರುಚಿ ಹಿಡಿಯುತ್ತಿದ್ದ ಊರು. 1898ರ ಪ್ಲೇಗಿನ ನಂತರ ಬೆಳೆದ ಬಸವನಗುಡಿಯಂಥ ಬಡಾವಣೆಗಳಲ್ಲಿ ಸಂಬಳದ ಜನ, ಮೇಷ್ಟ್ರುಗಳು, ಗುಮಾಸ್ತರು, ಬರಹಗಾರರು ನೆಲೆಸಿದ್ದರು. ಲಾಲ್‌ಬಾಗಿನ ಆಸುಪಾಸಿನಲ್ಲಿ 1924ರಲ್ಲಿ ಬ್ರಾಹ್ಮಣರ ಕಾಫಿ ಕ್ಲಬ್ ಶುರುವಾಯಿತು; ಮುಂದೆ ಅದೇ ಎಂ.ಟಿ.ಆರ್. ಆಯಿತು. ಹೋಟೆಲು ಬೆಳೆದಂತೆ ಪುಡಿಗೆ ಗಿರಾಕಿ ಬೆಳೆಯಿತು. ಮನೆಯಲ್ಲೇ ಬೀಜ ಹುರಿದು ಒರಳಿಗೆ ಹಾಕುತ್ತಿದ್ದ ಹೆಂಗಸರಿಗೂ ಅಂಗಡಿಯ ಹದವಾದ ಪುಡಿ ಸಿಕ್ಕಿದ್ದು ಎಂಥ ಬಿಡುಗಡೆ! ತೋಟಗಾರ್ತಿಯೊಬ್ಬರು ಗಿಡದಿಂದ ಲೋಟದವರೆಗಿನ ದಾರಿಯನ್ನು ತಾವೇ ನಡೆದರು, ಅದೂ ಗಂಡಸರೇ ತುಂಬಿದ್ದ ವ್ಯಾಪಾರದಲ್ಲಿ. ಅವರ ಹೆಸರಿಗೆ ಕಾಫಿಪುಡಿ ಅಂಟಿಕೊಂಡದ್ದು ಜನ ಕೊಟ್ಟ ಬಿರುದು.

ಸರ್ಕಾರಗಳೂ ಬಿರುದು ಕೊಟ್ಟವು. ಬ್ರಿಟಿಷರಿಂದ ಕೈಸರ್-ಎ-ಹಿಂದ್ ಪದಕ ಬಂತು, ನಾಲ್ವಡಿ ಕೃಷ್ಣರಾಜ ಒಡೆಯರು ಲೋಕಸೇವಾ ಪಾರಾಯಣಿ ಎಂದು ಗೌರವಿಸಿದರು. ಆಗ ಕೊಡಗು ಬ್ರಿಟಿಷರ ಆಡಳಿತದಲ್ಲಿ, ಬಸವನಗುಡಿ ಮೈಸೂರು ಅರಸರ ಆಡಳಿತದಲ್ಲಿ ಇದ್ದವು. ಎರಡೂ ಕಡೆಯವರು ಅವರನ್ನು ಗುರುತಿಸಿದ್ದರು. ಮೈಸೂರಿನ ಪ್ರಜಾಪ್ರತಿನಿಧಿ ಸಭೆ 1881ರಲ್ಲಿ ಆರಂಭವಾದಾಗ ಅಲ್ಲಿ ಇದ್ದವರೆಲ್ಲ ಗಂಡಸರು. ಎಷ್ಟೋ ದಶಕಗಳ ನಂತರ ಆ ಸಭೆಯೊಳಗೆ ಕಾಲಿಟ್ಟ ಮೊದಲ ಕೆಲವು ಮಹಿಳೆಯರಲ್ಲಿ ಸಾಕಮ್ಮನವರೂ ಒಬ್ಬರು.

ಇವೆಲ್ಲಕ್ಕಿಂತ ನನ್ನ ಮನಸ್ಸು ನಿಲ್ಲುವುದು ಅವರು ಕಟ್ಟಿಸಿದ ವಿದ್ಯಾರ್ಥಿನಿಲಯದ ಬಳಿ. ಸಾಕಮ್ಮನವರದು ನೇಕಾರಿಕೆಯ ಕುರುಹಿನಶೆಟ್ಟಿ ಸಮಾಜ. ಮಗ್ಗದ ಮನೆಯ ಹುಡುಗ ಓದಲು ಬೆಂಗಳೂರಿಗೆ ಬಂದರೆ ಶಾಲೆ ಸಿಗುತ್ತಿತ್ತು, ಕಾಲೇಜು ಸಿಗುತ್ತಿತ್ತು. ಮಲಗಲು ಜಾಗ, ಹೊತ್ತಿಗೆ ಊಟ ಸಿಗುತ್ತಿರಲಿಲ್ಲ. ವಾರಾನ್ನಕ್ಕೆ ಮನೆ ಮನೆ ತಿರುಗುವ ಪದ್ಧತಿಯೂ ಎಲ್ಲ ಜಾತಿಯ ಹುಡುಗರಿಗೆ ತೆರೆದಿರಲಿಲ್ಲ. ಊಟ, ವಸತಿಯಿಲ್ಲದೆ ಅರ್ಧಕ್ಕೆ ಓದು ಬಿಟ್ಟು ಊರಿಗೆ ಮರಳಿದವರು ಎಷ್ಟೋ ಮಂದಿ. ಇಪ್ಪತ್ತನೆಯ ಶತಮಾನದ ಮೊದಲ ದಶಕಗಳಲ್ಲಿ ಒಂದೊಂದೇ ಸಮುದಾಯ ಸಂಘ ಕಟ್ಟಿಕೊಂಡು ಹಾಸ್ಟೆಲು ತೆರೆದದ್ದು ಇದಕ್ಕಾಗಿಯೇ. ಕುರುಹಿನಶೆಟ್ಟಿ ಕೇಂದ್ರ ಸಂಘಕ್ಕೆ, ಅದರ ವಿದ್ಯಾರ್ಥಿನಿಲಯಕ್ಕೆ ಬೆನ್ನೆಲುಬಾಗಿ ನಿಂತವರು ಸಾಕಮ್ಮ. ಕೊಡಗಿನ ತೋಟದ ಬೀಜ, ಬಸವನಗುಡಿಯ ಪುಡಿ, ಅದರಿಂದ ಬಂದ ಹಣ ನೇಕಾರರ ಮಕ್ಕಳ ತಲೆಯ ಮೇಲೆ ಸೂರಾಯಿತು. ಬರದಿಂದ ಊರು ಬಿಟ್ಟ ಮನೆಯ ಹೆಣ್ಣುಮಗಳಿಗೆ ಪರವೂರಿನಲ್ಲಿ ಹಸಿವು ಏನೆಂದು ಯಾರೂ ವಿವರಿಸಬೇಕಿರಲಿಲ್ಲ.

ದಾನಿಗಳು ನಮ್ಮಲ್ಲಿ ಬಹಳ. ತಾವೇ ದುಡಿದು ತಾವೇ ಕೊಟ್ಟ ಹೆಂಗಸರ ಹೆಸರು ಮಾತ್ರ ಇತಿಹಾಸದ ಪುಸ್ತಕಗಳಲ್ಲಿ ಹುಡುಕಿದರೂ ಕಷ್ಟಕ್ಕೆ ಸಿಗುತ್ತದೆ. ಕೊಡಗಿನ ಶಾಲೆಗಳಲ್ಲಿ ಕಾಫಿಯ ಚರಿತ್ರೆ ಹೇಳುವಾಗ ಬಾಬಾಬುಡನ್ ಬರುತ್ತಾರೆ, ಫೌಲರ್ ಬರುತ್ತಾರೆ. ಅವರ ಸಾಲಿನಲ್ಲಿ ಸಾಕಮ್ಮನವರೂ ಬರಲಿ. ಹೆಣ್ಣುಮಕ್ಕಳು ಆ ಪಾಠ ಕೇಳಲಿ.

ಇಂದು ದೇಶದ ಕಾಫಿಯಲ್ಲಿ ಸುಮಾರು ಮೂರನೆಯ ಒಂದು ಪಾಲು ಬೆಳೆಯುವುದು ಕೊಡಗಿನಲ್ಲಿ. ಅದರಲ್ಲಿ ಬಹುಪಾಲು ಈಗಲೂ ಮೂಟೆಯಲ್ಲೇ ಜಿಲ್ಲೆ ದಾಟುತ್ತದೆ. ಹಣ್ಣು ಬಿಡಿಸುವ ಕೈಗಳಲ್ಲಿ ಹೆಚ್ಚಿನವು ಹೆಂಗಸರವು. ಈಚೆಗೆ ಮನೆಯಲ್ಲೇ ಹುರಿದು, ಪುಡಿ ಮಾಡಿ, ತಮ್ಮದೇ ಹೆಸರಿನ ಪೊಟ್ಟಣದಲ್ಲಿ ಮಾರುವ ಹೆಣ್ಣುಮಕ್ಕಳು ನಮ್ಮ ಹೋಬಳಿಗಳಲ್ಲಿ ಕಾಣಿಸಿಕೊಳ್ಳುತ್ತಿದ್ದಾರೆ, ನೋಡಿದಾಗಲೆಲ್ಲ ಹೆಮ್ಮೆಯೆನಿಸುತ್ತದೆ. ಅವರು ಹುರಿಯುವ ಯಂತ್ರಕ್ಕೆ ಸಾಲ ಕೇಳಲು ಬ್ಯಾಂಕಿಗೆ ಹೋದಾಗ ಎದುರಾಗುವ ಮೊದಲ ಪ್ರಶ್ನೆ, ಪಹಣಿ ಯಾರ ಹೆಸರಿನಲ್ಲಿದೆ ಎಂಬುದು. ವಂಶಪಾರಂಪರ್ಯದ ಜಮ್ಮಾ ಜಮೀನಿನಲ್ಲಿ ಅದು ಸಾಮಾನ್ಯವಾಗಿ ಪಟ್ಟೇದಾರರ ಹೆಸರಿನಲ್ಲಿರುತ್ತದೆ, ಪಟ್ಟೇದಾರರು ಬಹುತೇಕ ಮನೆಯ ಹಿರಿಯ ಗಂಡಸರೇ. ಈ ಕುಯ್ಲಿನ ಹಣ ಕೈಗೆ ಬಂದು ಮನೆಯವರೆಲ್ಲ ಲೆಕ್ಕಕ್ಕೆ ಕೂತಾಗ ಆ ಕಾಗದವನ್ನೂ ಒಮ್ಮೆ ಹೊರತೆಗೆದು, ಮಗಳನ್ನೂ ಸೊಸೆಯನ್ನೂ ಕೂರಿಸಿಕೊಂಡು ಮಾತಾಡಿ.