ನಕ್ಷತ್ರದ ಆಮೆಯೂ ನಮ್ಮ ಕಾವಲಿನ ನೆಲವೂ

(ದೊಡ್ಡಉಳ್ಳಾರ್ತಿಯ ರೈತರ ಸಭೆಯಲ್ಲಿ ಗ್ರಾಮಸೇವಕರು ಮಾಡಿದ ಭಾಷಣ)



ಬೀಜ, ಗೊಬ್ಬರ, ಬದುಗಳ ಮಾತನ್ನಾಡಬೇಕಾದ ಗ್ರಾಮಸೇವಕ ಇಂದು ಆಮೆಯ ಮಾತನ್ನೆತ್ತಿಕೊಂಡು ಬಂದನಲ್ಲಾ ಎಂದು ತಮಗೆ ಅನ್ನಿಸಬಹುದು. ಆಮೆಯ ಮಾತು ಕೊನೆಗೆ ನೆಲದ ಮಾತೇ ಆಗುತ್ತದೆ. ಒಂದು ನೆಲದಲ್ಲಿ ಆಮೆ ಮೊಟ್ಟೆಯಿಟ್ಟು, ಮರಿ ಬದುಕಿ, ದೊಡ್ಡದಾಗುತ್ತಿದೆಯೆಂದರೆ ಅಲ್ಲಿ ಹುಲ್ಲುಂಟು, ನೆರಳುಂಟು, ಮಣ್ಣು ಸಡಿಲವಾಗಿದೆ ಎಂದರ್ಥ. ಕುರಿಗೂ ದನಕ್ಕೂ ಬೇಕಾದದ್ದು ಅದೇ ಅಲ್ಲವೇ? ಆದುದರಿಂದ ಸ್ವಲ್ಪ ಹೊತ್ತು ಶಾಂತವಾಗಿ ಕೇಳಬೇಕೆಂದು ಪ್ರಾರ್ಥಿಸುತ್ತೇನೆ.

ಆಮೆಗಳಲ್ಲಿ ಕೆರೆಯ ಆಮೆ ಬೇರೆ, ನೆಲದ ಆಮೆ ಬೇರೆ. ಕೆರೆಯ ಆಮೆಗೆ ಬೆರಳುಗಳ ನಡುವೆ ಚರ್ಮವಿದ್ದು ಅದು ಈಜುತ್ತದೆ. ನಾನು ಹೇಳಹೊರಟದ್ದು ನೆಲದ ಆಮೆಯನ್ನು. ಅದರ ಕಾಲು ಆನೆಯ ಕಾಲಿನಂತೆ ಗುಂಡಾಗಿ ಗಟ್ಟಿಯಾಗಿರುತ್ತದೆ. ಕಪ್ಪು ಚಿಪ್ಪಿನ ಮೇಲೆ, ಒಂದೊಂದು ಉಬ್ಬಿನ ನೆತ್ತಿಯಿಂದ ಹಳದಿ ಗೆರೆಗಳು ನಕ್ಷತ್ರದ ಕಿರಣದಂತೆ ಹರಡಿರುತ್ತವೆ. ಅದಕ್ಕೇ ನಕ್ಷತ್ರದ ಆಮೆಯೆಂದು ಹೆಸರು. ಗುಜರಾತು, ರಾಜಸ್ಥಾನದ ಕಡೆ, ನೆರೆಯ ಪಾಕಿಸ್ತಾನದ ಕೆಲವು ಭಾಗ, ದಕ್ಷಿಣ ಭಾರತದ ಒಣನಾಡು, ಮತ್ತು ಸಿಂಹಳ, ಇಷ್ಟೇ ಅದರ ತವರು. ಕುರುಚಲು ಕಾಡು, ಹುಲ್ಲುಗಾವಲು, ಹೊಲದ ಬದು, ಹಳ್ಳದ ದಂಡೆ ಇವು ಅದರ ಮನೆ. ಕುರಿ ಮೇಯಿಸುವಾಗ ಪೊದೆಯ ಬುಡದಲ್ಲಿ ಅಂಥದ್ದನ್ನು ಕಂಡವರು ಈ ಸಭೆಯಲ್ಲೇ ಇರಬಹುದು.

ಈ ಆಮೆಯನ್ನು ಹಿಡಿದು ಪುಣ್ಯ ಬರಲೆಂದು ಬಾವಿಗೋ, ದೇವಸ್ಥಾನದ ಕಲ್ಯಾಣಿಗೋ ಬಿಡುವವರುಂಟು. ಕೂರ್ಮಾವತಾರವೆಂಬ ಭಕ್ತಿ ಒಳ್ಳೆಯದೇ. ಆದರೆ ಇದಕ್ಕೆ ಈಜು ಬಾರದು. ಆಳದ ನೀರಿಗೆ ಬಿಟ್ಟರೆ ಮುಳುಗಿ ಸಾಯುತ್ತದೆ. ಪುಣ್ಯಕ್ಕೆಂದು ಮಾಡಿದ್ದು ಪಾಪವಾಗಿ ಮುಗಿಯುತ್ತದೆ.

ಮೇವು ಮತ್ತು ಮೊಟ್ಟೆ

ಬಡಕಲು ಕುರಿ ಬೆದೆಗೆ ಬರುವುದು ತಡ. ಬಂದರೂ ಗಬ್ಬ ನಿಲ್ಲುವುದು ಕಷ್ಟ. ನಿಂತರೂ ಮರಿಗೆ ಹಾಲು ಸಾಲದು. ಇದನ್ನು ಕುರಿಗಾರರಿಗೆ ನಾನು ಹೇಳಿಕೊಡಬೇಕಾಗಿಲ್ಲ. ಆಮೆಯ ಲೆಕ್ಕವೂ ಹಾಗೆಯೇ. ಹುಲ್ಲು, ಎಳೆಯ ಸೊಪ್ಪು, ಉದುರಿದ ಹೂವು, ಬೋರೆಯಂಥ ಹಣ್ಣು, ಪಾಪಾಸುಕಳ್ಳಿ ಇವೆಲ್ಲ ಅದರ ಮೇವು. ಬೇಸಿಗೆಯಲ್ಲಿ ಅದು ಪೊದೆಯ ಕೆಳಗೆ ಮುದುರಿ, ಮೈಯಲ್ಲಿ ಕೂಡಿಟ್ಟ ಕೊಬ್ಬಿನಿಂದಲೂ ನೀರಿನಿಂದಲೂ ಕಾಲ ಕಳೆಯುತ್ತದೆ. ಮಳೆ ಬಿದ್ದು ಹಸಿರು ಚಿಗುರಿದೊಡನೆ ಹೊರಬಂದು ಮೇಯುತ್ತದೆ, ಜೊತೆ ಕೂಡುತ್ತದೆ. ಹೆಣ್ಣು ಒಂದು ಸಲಕ್ಕೆ ಸಾಮಾನ್ಯವಾಗಿ ಎರಡರಿಂದ ಆರು ಮೊಟ್ಟೆಗಳನ್ನಿಡುತ್ತದೆ. ಮೇವು ಹುಲುಸಾಗಿದ್ದರೆ ಅದೇ ವರ್ಷದಲ್ಲಿ ಇನ್ನೊಂದು, ಮತ್ತೊಂದು ಸಲವೂ ಇಡಬಲ್ಲದು.

ಅಮೆರಿಕದ ಮೊಹಾವೆ ಎಂಬ ಮರುಭೂಮಿಯಲ್ಲಿ ಇದರ ಬಂಧುವಾದ ಒಂದು ನೆಲದಾಮೆ ಉಂಟು. ಮಳೆ ಬಂದು ಸೊಪ್ಪುಸದೆ ಚೆನ್ನಾಗಿ ಬೆಳೆದ ವರ್ಷದಲ್ಲಿ ಅದರ ಮೊಟ್ಟೆ ಹೆಚ್ಚು, ಬರದ ವರ್ಷದಲ್ಲಿ ಕಡಿಮೆ ಎಂದು ಅಲ್ಲಿನ ವಿಜ್ಞಾನಿಗಳು ಅಳೆದು ನೋಡಿದ್ದಾರೆ. ನಮ್ಮ ಚಳ್ಳಕೆರೆ ಸೀಮೆ ರಾಜ್ಯದಲ್ಲೇ ಅತಿ ಕಡಿಮೆ ಮಳೆ ಬೀಳುವ ಸೀಮೆಗಳಲ್ಲೊಂದು. ಇಲ್ಲಿ ಆ ಮಾತು ಇನ್ನೂ ಹೆಚ್ಚು ಸಲ್ಲುತ್ತದೆ.

ಮೇವು ಹೊಟ್ಟೆ ತುಂಬಿದರಷ್ಟೇ ಸಾಲದು, ಅದರಲ್ಲಿ ಸುಣ್ಣದ ಅಂಶವೂ ಇರಬೇಕು. ಶೇಂಗಾ ಬೆಳೆಗೆ ಜಿಪ್ಸಂ ಹಾಕಿರೆಂದು ನಾವು ಏಕೆ ಹೇಳುತ್ತೇವೆ? ಸುಣ್ಣದ ಅಂಶ ಸಾಲದಿದ್ದರೆ ಕಾಯಿ ಜೊಳ್ಳಾಗುತ್ತದೆ. ಆಮೆಗೂ ಮೊಟ್ಟೆಯ ಸಿಪ್ಪೆ, ಮರಿಯ ಎಲುಬು, ಬೆನ್ನಿನ ಚಿಪ್ಪು ಇವೆಲ್ಲಕ್ಕೂ ಸುಣ್ಣದ ಅಂಶ ಬೇಕು. ಹತ್ತಾರು ಜಾತಿಯ ಸೊಪ್ಪು ಹುಲ್ಲು ಬೆಳೆಯುವ ನೆಲದಲ್ಲಿ ಅದು ತಾನೇ ಆರಿಸಿ ತಿನ್ನುತ್ತದೆ. ಒಂದೇ ಜಾತಿಯ ಗಿಡ ಆವರಿಸಿದ ನೆಲದಲ್ಲಿ ಆರಿಸುವುದಕ್ಕೆ ಏನಿದೆ?

ಮಣ್ಣು ಮತ್ತು ಗೂಡು

ಹೆಣ್ಣು ಆಮೆ ಹಿಂಗಾಲಿನಿಂದ ಗುಂಡಿ ತೋಡುತ್ತದೆ. ಮಣ್ಣು ಬಿಗಿಯಾಗಿದ್ದರೆ ಮೈಯೊಳಗಿನ ನೀರನ್ನೇ ಬಿಟ್ಟು ಮೆದು ಮಾಡಿಕೊಳ್ಳುತ್ತದೆ. ಗೇಣುದ್ದಕ್ಕೂ ಕಡಿಮೆ ಆಳದ ಗುಂಡಿಯದು. ಮೊಟ್ಟೆಯಿಟ್ಟು, ಮಣ್ಣೆಳೆದು, ಹೊಟ್ಟೆಯ ಚಿಪ್ಪಿನಿಂದ ತಟ್ಟಿ ಸಮಮಾಡಿ ಹೊರಟುಹೋಗುತ್ತದೆ. ಮತ್ತೆ ತಿರುಗಿ ನೋಡುವುದಿಲ್ಲ. ಅಲ್ಲಿಂದ ಮುಂದೆ ತಾಯಿಯ ಕೆಲಸವನ್ನೆಲ್ಲ ಮಾಡತಕ್ಕದ್ದು ಮಣ್ಣೇ. ತೀರ ಒಣಗಿದರೆ ಮೊಟ್ಟೆ ಬತ್ತುತ್ತದೆ, ನೀರು ನಿಂತರೆ ಕೊಳೆಯುತ್ತದೆ. ಮರಿ ಹೊರಬರಲು ಕೆಲವೊಮ್ಮೆ ಎರಡು ತಿಂಗಳೊಳಗೆ ಸಾಕು, ಕೆಲವೊಮ್ಮೆ ಐದು ತಿಂಗಳೂ ಹಿಡಿಯುತ್ತದೆ. ಅಷ್ಟು ದಿನ ಆ ಅರ್ಧ ಗೇಣು ಮಣ್ಣನ್ನು ನೇಗಿಲು ತಿರುವಬಾರದು, ಟ್ರಾಕ್ಟರಿನ ಗಾಲಿ ಒತ್ತಬಾರದು, ನಾಯಿ ಕೆದಕಬಾರದು.

ಇನ್ನೊಂದು ಸೋಜಿಗವುಂಟು. ಮರಿ ಹೆಣ್ಣೋ ಗಂಡೋ ಎಂಬುದನ್ನು ಮಣ್ಣಿನ ಶಾಖವೇ ತೀರ್ಮಾನಿಸುತ್ತದೆ. ಮಣ್ಣು ಸ್ವಲ್ಪ ತಂಪಾಗಿದ್ದರೆ ಹೆಚ್ಚಾಗಿ ಗಂಡು, ಬೆಚ್ಚಗಿದ್ದರೆ ಹೆಚ್ಚಾಗಿ ಹೆಣ್ಣು. ಹೀಗಿರಲು ಒಂದೇ ನೆಲದಲ್ಲಿ ಒಂದಿಷ್ಟು ಬಿಸಿಲು ಜಾಗ, ಒಂದಿಷ್ಟು ನೆರಳು ಜಾಗ ಎರಡೂ ಇರುವುದು ಅಗತ್ಯ. ಪೊದೆಯನ್ನೆಲ್ಲ ಸವರಿ ಬಯಲು ಮಾಡಿದರೂ ಕೆಟ್ಟಿತು, ಮುಳ್ಳುಜಾಲಿ ಬೆಳೆದು ಬಿಸಿಲೇ ಬೀಳದಂತಾದರೂ ಕೆಟ್ಟಿತು.

ಮರಿಯ ಬೆಳವಣಿಗೆ

ಮೊಟ್ಟೆಯಿಂದ ಬಂದ ಮರಿ ಎರಡು ಬೆರಳಗಲ. ಚಿಪ್ಪು ಇನ್ನೂ ಮೆತ್ತಗೆ. ಕಾಗೆ, ಮುಂಗುಸಿ, ನಾಯಿ, ಎಲ್ಲಕ್ಕೂ ಅದು ತುತ್ತು. ಅದಕ್ಕಿರುವ ರಕ್ಷಣೆ ಒಂದೇ: ಹುಲ್ಲಿನ ಗುಡ್ಡೆ, ಮುಳ್ಳಿನ ಪೊದೆ. ಇವು ಹತ್ತಿರ ಹತ್ತಿರ ಇದ್ದರೆ ಮರಿ ನಾಲ್ಕು ಹೆಜ್ಜೆ ಮೇಯ್ದು ಮತ್ತೆ ಅಡಗುತ್ತದೆ. ದೂರ ದೂರವಿದ್ದರೆ ಹಸಿದು ಅಡಗಿರಬೇಕು, ಇಲ್ಲವೇ ಬಯಲಿಗೆ ಬಂದು ಸಾಯಬೇಕು.

ಆಮೆ ಬೆಳೆಯುವುದು ಬಹಳ ನಿಧಾನ. ಹೆಣ್ಣು ಮೊಟ್ಟೆಯಿಡುವ ಪ್ರಾಯಕ್ಕೆ ಬರಲು ಹತ್ತು ವರ್ಷದಷ್ಟು ಕಾಲ ಬೇಕಾಗುತ್ತದೆ. ಅದರ ಹದವನ್ನು ತೀರ್ಮಾನಿಸುವುದು ವಯಸ್ಸಿಗಿಂತ ಹೆಚ್ಚಾಗಿ ಗಾತ್ರ. ಒಳ್ಳೆಯ ನೆಲದಲ್ಲಿ ಬೇಗ ಬೆಳೆದದ್ದು ಬೇಗ ಮೊಟ್ಟೆಯಿಡುತ್ತದೆ, ಬಡ ನೆಲದಲ್ಲಿ ಅದೇ ಕೆಲಸ ವರ್ಷಗಟ್ಟಲೆ ಹಿಂದೆ ಬೀಳುತ್ತದೆ. ಹೆಣ್ಣು ಗಂಡಿಗಿಂತ ದೊಡ್ಡದು ಎಂಬುದನ್ನೂ ಗಮನಿಸಬೇಕು. ದೊಡ್ಡ ಹೆಣ್ಣೇ ಹೆಚ್ಚು ಮೊಟ್ಟೆಯ ತಾಯಿ. ಆದುದರಿಂದ ಹೊಲದಿಂದ ಒಂದು ದೊಡ್ಡ ಆಮೆಯನ್ನು ಎತ್ತಿಕೊಂಡು ಹೋದರೆ ಹೋದದ್ದು ಒಂದಲ್ಲ. ಹತ್ತಾರು ವರ್ಷದ ಮರಿಗಳ ಸಾಲೇ ಹೋಯಿತು.

ಮನೆಯಲ್ಲಿ ತಂದಿಟ್ಟು ಅನ್ನ, ರೊಟ್ಟಿ ಹಾಕಿ ಸಾಕಿದರೆ ಬೇಗ ಬೆಳೆಯುವುದಿಲ್ಲವೇ ಎಂದು ಕೇಳಬಹುದು. ಬೆಳೆಯುವುದೇನೋ ನಿಜ, ಸೊಟ್ಟಗೆ ಬೆಳೆಯುತ್ತದೆ. ಮೆತ್ತನೆಯ ಮೇವು, ಸಾಲದ ಬಿಸಿಲು, ಸಾಲದ ತೇವ ಇವುಗಳಿಂದ ಚಿಪ್ಪು ಗೋಪುರ ಗೋಪುರವಾಗಿ ಎದ್ದು, ಎಲುಬು ಮೆದುವಾಗುತ್ತದೆ.

ನಮ್ಮ ನೆಲದ ಸ್ಥಿತಿ

ಈಗ ನಮ್ಮ ಊರಿನ ಮಾತಿಗೆ ಬರೋಣ. ಈ ಕಾವಲುಗಳು ಇಂದು ನಿನ್ನೆಯವಲ್ಲ. ಮೈಸೂರಿನ ಚಿಕ್ಕದೇವರಾಜ ಒಡೆಯರ ಕಾಲದ ಬೆಣ್ಣೆ ಚಾವಡಿಯೇ ಟಿಪ್ಪು ಸುಲ್ತಾನನ ಕಾಲಕ್ಕೆ ಅಮೃತ ಮಹಲ್ ಎನಿಸಿಕೊಂಡಿತು. ಅದರ ದನಗಳಿಗಾಗಿ ಕಾದಿಟ್ಟ ಹುಲ್ಲುನೆಲವೇ ಕಾವಲು. ನೇಗಿಲು ತಾಗದೆ ಉಳಿದುದರಿಂದ ದನಕುರಿಗಳ ಜೊತೆಗೆ ಕೃಷ್ಣಮೃಗ, ಎರೆಹಕ್ಕಿಯಂಥ ಬಯಲಿನ ಜೀವಗಳಿಗೂ ಅದು ಆಸರೆಯಾಯಿತು. 2008 ಮತ್ತು ಅದರ ಮುಂದಿನ ವರ್ಷಗಳಲ್ಲಿ ಉಳ್ಳಾರ್ತಿ ಕಾವಲು, ಖುದಾಪುರ, ವರವು ಕಾವಲುಗಳಲ್ಲಿ ಎಂಟು ಸಾವಿರ ಎಕರೆಗೂ ಹೆಚ್ಚು ನೆಲ ಡಿ.ಆರ್.ಡಿ.ಒ., ಭಾರತೀಯ ವಿಜ್ಞಾನ ಸಂಸ್ಥೆ, ಭಾಭಾ ಅಣು ಸಂಶೋಧನಾ ಕೇಂದ್ರ ಮತ್ತು ಇಸ್ರೋ ಸಂಸ್ಥೆಗಳಿಗೆ ಹೋಯಿತು. ಆ ವಿಚಾರ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯವರೆಗೆ ನಡೆದದ್ದು ತಮಗೆಲ್ಲ ತಿಳಿದದ್ದೇ. ಅದರ ಸರಿತಪ್ಪಿನ ವಿಚಾರಣೆ ನನ್ನ ಕೆಲಸವಲ್ಲ. ಒಂದು ಮಾತು ಮಾತ್ರ ಹೇಳುತ್ತೇನೆ: ಗೋಡೆ ಎದ್ದ ಮೇಲೆ ಆಮೆ ಅದನ್ನು ಹತ್ತಿ ದಾಟಲಾರದು. ಮೇವಿನ ಕಡೆಗೆ, ಜೊತೆಯ ಕಡೆಗೆ, ಮೊಟ್ಟೆಯಿಡುವ ಮಣ್ಣಿನ ಕಡೆಗೆ ಅದು ನಡೆಯುತ್ತಿದ್ದ ದಾರಿ ಅಲ್ಲಿಗೆ ಕಡಿಯಿತು. ದನಕುರಿಗಳ ದಾರಿ ಕಡಿದಂತೆಯೇ ಇದೂ. ಆದುದರಿಂದ ಗೋಡೆಯ ಹೊರಗೆ ಉಳಿದ ಗೋಮಾಳ, ಹಳ್ಳದ ದಂಡೆ, ಕಲ್ಲುಬದು, ಇವುಗಳ ಬೆಲೆ ಮೊದಲಿಗಿಂತ ಹೆಚ್ಚಾಗಿದೆ.

ಉಳಿದದ್ದನ್ನು ಮೂರು ಸಂಗತಿಗಳು ಕೆಡಿಸಬಲ್ಲವು. ಒಂದು, ಬಳ್ಳಾರಿ ಜಾಲಿ. ಅದು ದಟ್ಟವಾಗಿ ಹಬ್ಬಿದ ಕಡೆ ಕೆಳಗೆ ಹುಲ್ಲು ಏಳದು. ಎರಡು, ಬೇಸಿಗೆಯಲ್ಲಿ ಒಣಹುಲ್ಲಿಗೆ ಹಚ್ಚುವ ಬೆಂಕಿ. ಹೊಸ ಚಿಗುರು ಬರಲೆಂದು ಹಚ್ಚುತ್ತಾರೆ, ಆದರೆ ಪೊದೆಯಲ್ಲಿ ಮುದುರಿ ಮಲಗಿದ ಆಮೆ ಓಡಲಾರದು. ಮೂರು, ಮಿತಿಮೀರಿದ ಮೇವು. ಪೆಸಿಫಿಕ್ ಸಾಗರದ ಗಲಪಗೋಸ್ ದ್ವೀಪಗಳಲ್ಲಿ ಎಸ್ಪನೋಲ ಎಂಬುದೊಂದು. ಹಡಗಿನವರು ಅಲ್ಲಿನ ದೈತ್ಯ ಆಮೆಗಳನ್ನು ಆಹಾರಕ್ಕೆಂದು ಹೊತ್ತೊಯ್ದರು. ಹೊರಗಿನಿಂದ ಬಂದು ಸೇರಿದ ಆಡುಗಳು ಅವುಗಳ ಮೇವನ್ನು ಬೋಳಿಸಿದವು. ಕೊನೆಗೆ ಅಲ್ಲಿ ಸಿಕ್ಕವು 12 ಹೆಣ್ಣು, 2 ಗಂಡು, ಒಟ್ಟು 14 ಆಮೆಗಳು ಮಾತ್ರ. ಅವನ್ನು ಬೇರೆಡೆ ಸಾಕಿ ಮರಿಮಾಡಿಸಿದರು. 1978ಕ್ಕೆ ದ್ವೀಪದ ಆಡುಗಳೆಲ್ಲ ಹೋದವು. ಮರಿಗಳನ್ನು ಮತ್ತೆ ಬಿಡುತ್ತ ಬಂದು, 2020ರಲ್ಲಿ ಆ ಕೆಲಸ ಮುಗಿಯುವ ಹೊತ್ತಿಗೆ ದ್ವೀಪದಲ್ಲಿ ಎರಡು ಸಾವಿರಕ್ಕೂ ಹೆಚ್ಚು ಆಮೆಗಳಿದ್ದವು. ಮರಿ ಬಿಟ್ಟರೆ ಸಾಲದು, ನೆಲವನ್ನೂ ಸರಿಮಾಡಬೇಕು ಎಂಬ ಪಾಠ ಇದರಲ್ಲಿದೆ. ಆಡುಕುರಿ ಸಾಕಬೇಡಿರೆಂದು ನಾನು ಹೇಳುತ್ತಿಲ್ಲ. ಅದು ನಮ್ಮ ಸೀಮೆಯ ಬದುಕು. ಸರದಿ ಹಾಕಿ ಮೇಯಿಸಿರಿ, ಒಂದು ಭಾಗಕ್ಕೆ ಮಳೆಗಾಲದಲ್ಲಿ ಬಿಡುವು ಕೊಡಿರಿ ಎಂದಷ್ಟೇ ಹೇಳುತ್ತೇನೆ. ಬಿಡುವು ಕೊಟ್ಟ ಹುಲ್ಲು ಬೀಜ ಕಟ್ಟುತ್ತದೆ. ಅದರ ಲಾಭ ಮೊದಲು ಸಲ್ಲುವುದು ಕುರಿಗೇ.

ಬದುವಿನ ಗಿಡಗಂಟಿ ಉಳಿಸಿರೆಂದರೆ, "ಸಾಮಿ, ಎರಡು ಸಾಲು ಶೇಂಗಾ ಹೋಗುತ್ತದಲ್ಲ, ಇಲಿ ಹಾವು ಸೇರುತ್ತವಲ್ಲ" ಎಂದು ಕೇಳುವವರುಂಟು. ಕೇಳುವುದು ನ್ಯಾಯವೇ. ಎಲ್ಲ ಬದುವನ್ನೂ ಪೊದೆಯಾಗಿಸಬೇಕಿಲ್ಲ. ಹೇಗೂ ಬೆಳೆ ಬಾರದ ಕಲ್ಲುಬದು, ಕೊರಕಲಿನ ಅಂಚು ಇವನ್ನು ಬಿಟ್ಟರೆ ಸಾಕು. ತಂಗಡಿ, ಕಾರೆ, ಬೋರೆ ಇದ್ದ ಬದು ಮಳೆಗೆ ಕೊಚ್ಚಿ ಹೋಗುವುದು ಕಡಿಮೆ. ಮಣ್ಣು ನಿಂತರೆ ಬೆಳೆಯೂ ನಿಂತಿತು.

ಕಾನೂನಿನ ಮಾತು

ಈ ಆಮೆಗೆ ಅದರ ಚೆಲುವೇ ಶತ್ರು. ವಿದೇಶದಲ್ಲಿ ಸಾಕಲೆಂದು ಇದನ್ನು ಕಳ್ಳಸಾಗಣೆ ಮಾಡುತ್ತಾರೆ. 2015ರಲ್ಲಿ ಪ್ರಕಟವಾದ ಒಂದು ಅಧ್ಯಯನದ ಪ್ರಕಾರ ದೇಶದ ಒಂದೇ ವ್ಯಾಪಾರದ ಕೇಂದ್ರದಿಂದ ವರ್ಷಕ್ಕೆ ಕನಿಷ್ಠ 55 ಸಾವಿರ ಆಮೆಗಳು ಹೋಗುತ್ತಿದ್ದವು. 2018ರ ನವೆಂಬರಿನಲ್ಲಿ ಸಿಂಗಪುರದಿಂದ 51 ಆಮೆಗಳು ಕರ್ನಾಟಕದ ಅರಣ್ಯ ಇಲಾಖೆಯ ವಶಕ್ಕೆ ಮರಳಿ ಬಂದವು. ಹೋದವುಗಳ ಮುಂದೆ ಬಂದವು ಎಷ್ಟು ಕಡಿಮೆ ಎಂಬುದನ್ನು ತಾವೇ ಎಣಿಸಿ ನೋಡಿರಿ. 2019ರಲ್ಲಿ ಇದರ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ಅತಿ ಬಿಗಿಯಾದ ತಡೆ ಬಿತ್ತು. ನಮ್ಮ ದೇಶದಲ್ಲಿ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಗೆ 2022ರಲ್ಲಿ ತಿದ್ದುಪಡಿಯಾಗಿ ಇದು ಮೊದಲನೆಯ ಅನುಸೂಚಿಗೆ ಸೇರಿತು. ಹಿಡಿದರೆ, ಮಾರಿದರೆ ಮೂರು ವರ್ಷದಿಂದ ಏಳು ವರ್ಷದವರೆಗೆ ಸೆರೆವಾಸ, ಮೇಲೆ ಜುಲ್ಮಾನೆ. ದಲ್ಲಾಳಿ ಹುಡುಗರ ಕೈಗೆ ಕೊಡುವುದು ಪುಡಿಗಾಸು. ಸಿಕ್ಕಿಬಿದ್ದಾಗ ಜೈಲಿಗೆ ಹೋಗುವವರು ನಮ್ಮ ಹಟ್ಟಿಯ ಹುಡುಗರು. ತಂದೆತಾಯಿಗಳು ಇದನ್ನು ಮನೆಯಲ್ಲಿ ತಿಳಿಯಹೇಳಬೇಕು.

ನಾವು ಮಾಡತಕ್ಕ ಕೆಲಸ

1. ಆಮೆ ಕಂಡರೆ ಎತ್ತಿಕೊಂಡು ಬರಕೂಡದು. ದಾರಿಯ ಮೇಲಿದ್ದರೆ ಅದು ಹೊರಟ ದಿಕ್ಕಿನ ಬದಿಗೇ ಬಿಡಬೇಕು.

2. ನೀರಿಗೆ ಹಾಕಕೂಡದು.

3. ಹುಲ್ಲಿಗೆ ಬೆಂಕಿ ಹಚ್ಚುವ ರೂಢಿಯನ್ನು ಬಿಡಬೇಕು.

4. ಗೋಮಾಳದಲ್ಲಿ ಜಾಲಿಯನ್ನು ಬೇರುಸಹಿತ ಕಿತ್ತು, ಊರಿನ ಹುಲ್ಲು, ಬೋರೆ, ಕಾರೆಗೆ ಎಡೆ ಮಾಡಿಕೊಡಬೇಕು.

5. ಉಳುವಾಗ ಮೊಟ್ಟೆ ಕಂಡರೆ ಕೈಯಾಡಿಸದೆ ಮಣ್ಣು ಮುಚ್ಚಿ, ಆ ಒಂದು ಮೊಳ ಜಾಗವನ್ನು ಸುತ್ತಿ ಉಳಬೇಕು.

6. ಕೊಳ್ಳಲು ಬಂದವರ ಸುದ್ದಿಯನ್ನು ವಲಯ ಅರಣ್ಯಾಧಿಕಾರಿಯ ಕಚೇರಿಗೆ ಮುಟ್ಟಿಸಬೇಕು.

7. 2002ರ ಜೀವವೈವಿಧ್ಯ ಕಾಯಿದೆಯಂತೆ ಪಂಚಾಯಿತಿಗೆ ಜೀವವೈವಿಧ್ಯ ನಿರ್ವಹಣಾ ಸಮಿತಿಯುಂಟು, ಅದು ಬರೆದಿಡಬೇಕಾದ ದಾಖಲೆಯುಂಟು. ಆಮೆ ಎಲ್ಲಿ, ಯಾವ ಮಳೆಯಲ್ಲಿ, ಎಷ್ಟು ದೊಡ್ಡದು ಕಂಡಿತು ಎಂಬುದನ್ನು ಅದರಲ್ಲಿ ಬರೆಸಬೇಕು. ಬರೆದಿಟ್ಟ ನೆಲಕ್ಕೆ ನಾಳೆ ಮಾತನಾಡುವ ಬಾಯಿ ಇರುತ್ತದೆ.

ಈ ಏಳರಲ್ಲಿ ಯಾವುದಕ್ಕೂ ಹೆಚ್ಚಿನ ಹಣ ಬೇಡ. ಜಾಲಿ ಕೀಳುವುದೊಂದಕ್ಕೆ ಮೈಬೆವರು ಬೇಕು. ಅದನ್ನು ಎಲ್ಲಿಂದ ತೊಡಗಬೇಕು, ಮೇವಿಗೆ ಯಾವ ಭಾಗಕ್ಕೆ ಬಿಡುವು ಕೊಡಬೇಕು ಎಂಬುದನ್ನು ಕುರಿಗಾರರೂ ಹೊಲದವರೂ ಒಟ್ಟಿಗೆ ಕುಳಿತು ಮುಂದಿನ ಗ್ರಾಮಸಭೆಯಲ್ಲಿ ತೀರ್ಮಾನಿಸಬೇಕೆಂದು ಕೇಳಿಕೊಳ್ಳುತ್ತೇನೆ. ಹತ್ತಿಪ್ಪತ್ತು ಎಕರೆ ಸರಿಯಾದರೂ ಅಲ್ಲಿ ಹುಲ್ಲು ಎದ್ದು ನಿಲ್ಲುವುದನ್ನು ಒಂದೆರಡು ಮಳೆಗಾಲದಲ್ಲಿ ನೋಡಬಹುದು. ಆಮೆಯ ಮರಿ ದೊಡ್ಡದಾಗಿ ಮೊಟ್ಟೆಯಿಡುವುದನ್ನು ನೋಡಲು ಹತ್ತು ವರ್ಷ ಬೇಕು. ಆ ಹೊತ್ತಿಗೆ ಇಂದು ಶಾಲೆಗೆ ಹೋಗುವ ಮಕ್ಕಳು ಕುರಿಯ ಹಿಂದೆಯೋ ನೇಗಿಲಿನ ಹಿಂದೆಯೋ ಇರುತ್ತಾರೆ. ಅವರ ಕಣ್ಣಿಗೆ ಅದು ಬೀಳುವಂತೆ ನೆಲವನ್ನು ಉಳಿಸಿಕೊಡುವ ಕೆಲಸ ನಮ್ಮದು.