ನಿಮ್ಮ ಸಹಿ ಬೀಳುವ ಮೊದಲು

ಇಂದು ಅರಣ್ಯಶಾಸ್ತ್ರದ ಪದವಿ ಪಡೆಯುತ್ತಿರುವ ಪ್ರೀತಿಯ ವಿದ್ಯಾರ್ಥಿಗಳೇ,

ನಿಮ್ಮಲ್ಲಿ ಹಲವರು ನಾಳೆ ಅರಣ್ಯ ಇಲಾಖೆ ಸೇರುತ್ತೀರಿ. ಅಲ್ಲಿ ನಿಮ್ಮ ಕೈಗೆ ಮೊದಲು ಬರುವುದು ಕಡತ. ಪಶ್ಚಿಮ ಘಟ್ಟದ ಮಳೆಕಾಡಿನಲ್ಲಿ ಕೊಡಲಿ ಬಿದ್ದ ಬಹುಪಾಲು ಕಡೆ ಅದಕ್ಕೂ ಮೊದಲು ಯಾರದೋ ಸಹಿ ಬಿದ್ದಿತ್ತು. ಅದನ್ನು ನೀವು ಮರೆಯಬಾರದು.

ಬ್ರಿಟಿಷರಿಗೆ ಹಡಗಿಗೂ ರೈಲಿನ ಸ್ಲೀಪರಿಗೂ ಮರ ಬೇಕಿತ್ತು. ಸಾಗುವಾನಿಗೆಂದು ಕಾಡಿಗೆ ಗಡಿ ಹಾಕಿದರು, ಕಾಡು ಕಡಿದು ಸುಟ್ಟು ಕುಮರಿ ಬೇಸಾಯ ಮಾಡುತ್ತಿದ್ದವರನ್ನು ಹೊರಗಟ್ಟಿದರು. ಸ್ವಾತಂತ್ರ್ಯ ಬಂದ ಮೇಲೂ ಲೆಕ್ಕಾಚಾರ ಬದಲಾಗಲಿಲ್ಲ. 1950ರ ದಶಕದ ಕೊನೆಯಲ್ಲಿ ದಾಂಡೇಲಿಯ ಕಾಗದ ಕಾರ್ಖಾನೆಗೆ ಬಿದಿರನ್ನು ಟನ್ನಿಗೆ ಒಂದೂವರೆ ರೂಪಾಯಿಯಂತೆ ಕೊಡಲಾಯಿತು. ಬುಟ್ಟಿ ಹೆಣೆಯುವ ಮೇದಾರರು ಅದೇ ಬಿದಿರಿಗೆ ಪೇಟೆಯ ಬೆಲೆ ತೆರಬೇಕಿತ್ತು. ಶರಾವತಿ, ಕಾಳಿ ಕಣಿವೆಗಳ ಕಾಡು ಹಿನ್ನೀರಿನಲ್ಲಿ ಮುಳುಗಿತು. ಗಣಿ, ರಸ್ತೆ, ತೋಟಗಳ ಕತೆ ನಿಮಗೆ ಗೊತ್ತೇ ಇದೆ.

ನನ್ನನ್ನು ಹೆಚ್ಚು ನೋಯಿಸುವುದು ಬೇರೆ. ಸಹಜ ಕಾಡು ಹೋದ ಕಡೆ ಅಕೇಶಿಯಾ ನೆಟ್ಟು, ಅದನ್ನೂ ಅರಣ್ಯವೆಂದೇ ಬರೆದುಕೊಂಡೆವು. ಇಂದಿಗೂ ಭಾರತೀಯ ಅರಣ್ಯ ಸರ್ವೇಕ್ಷಣೆಯ ಲೆಕ್ಕದಲ್ಲಿ, ಒಂದು ಹೆಕ್ಟೇರಿಗಿಂತ ಹೆಚ್ಚಿನ ಜಾಗದಲ್ಲಿ ಶೇ 10ರಷ್ಟು ಮರಗಳ ಹೊದಿಕೆ ಇದ್ದರೆ ಅದು ಅರಣ್ಯ ಹೊದಿಕೆ. ಕಾಫಿ ತೋಟವೂ ನೆಡುತೋಪೂ ಸಹಜ ಮಳೆಕಾಡಾದ ಕಾನೂ ಅದರೊಳಗೆ ಒಟ್ಟಾಗಿ ಬರುತ್ತವೆ. ಹೀಗಾಗಿ ಕಾನು ಕರಗಿದರೂ ಅಂಕಿ ಕರಗುವುದಿಲ್ಲ.

ಕಾನು ಎಂದರೇನೆಂದು ನೋಡಲು ಸಿದ್ದಾಪುರದ ಕತ್ತಲೆಕಾನಿಗೆ ಹೋಗಿ. ರಾಮಪತ್ರೆ ಜಡ್ಡಿಯಲ್ಲಿ, ಆ ಜೌಗುಕಾಡಿನಲ್ಲಿ, ನಿಂತು ನೋಡಿ: ಒದ್ದೆ ನೆಲ, ಮೊಣಕಾಲಿನಂತೆ ಮಡಿಚಿ ಕೆಸರಿನಿಂದ ಮೇಲೆದ್ದ ಬೇರುಗಳು, ಅದೃಷ್ಟವಿದ್ದರೆ ಮೇಲೆ ಸಿಂಗಳೀಕಗಳ ಹಿಂಡು. 2000ದಲ್ಲಷ್ಟೇ ವಿಜ್ಞಾನಕ್ಕೆ ಪರಿಚಯವಾದ ಸೆಮೆಕಾರ್ಪಸ್ ಕತ್ತಲೆಕಾನೆನ್ಸಿಸ್ ಎಂಬ ಮರಕ್ಕೆ ಆ ಕಾಡಿನ ಹೆಸರೇ ಬಂದಿದೆ. ಇಂಥ ಕಾನು ಮಳೆಗಾಲದ ನೀರನ್ನು ತರಗೆಲೆಯಡಿ ಹಿಡಿದು, ನೆಲಕ್ಕೆ ಇಳಿಸಿ, ಬೇಸಿಗೆಯಲ್ಲಿ ಹಳ್ಳಕ್ಕೆ ಬಿಡುತ್ತದೆ. ಕೆಳಗಿನ ಅಡಿಕೆ ತೋಟ ಬದುಕುವುದು ಆ ನೀರಿನಿಂದ. ಕಾನು ಹೋದರೆ ಅದೇ ಮಳೆ ಮೇಲ್ಮಣ್ಣನ್ನು ಕೊಚ್ಚಿಕೊಂಡು ಹೊಳೆ ಸೇರುತ್ತದೆ, ಜಂಬಿಟ್ಟಿಗೆಯ ನೆಲ ಬಿಸಿಲಿಗೆ ಗಟ್ಟಿಯಾಗುತ್ತದೆ, ಮಾರ್ಚಿಗೆಲ್ಲ ಹಳ್ಳ ಬತ್ತುತ್ತದೆ. 2018ರಲ್ಲಿ ಕೊಡಗಿನಲ್ಲಿ, 2024ರ ಜುಲೈನಲ್ಲಿ ಅಂಕೋಲಾದ ಶಿರೂರಿನಲ್ಲಿ ಗುಡ್ಡಗಳು ಕುಸಿದವು. ಮಳೆ ವಿಪರೀತವಾಗಿತ್ತು, ನಿಜ. ಇಳಿಜಾರನ್ನು ಕಡಿದು ಸಡಿಲಗೊಳಿಸಿದ್ದು ಮನುಷ್ಯರೇ.

ಕಾಡಿನ ಕಡಿತ ತಡೆಯಲು 1983ರ ಸೆಪ್ಟೆಂಬರ್ 8ರಂದು ಶಿರಸಿ ಬಳಿಯ ಸಾಲ್ಕಣಿಯ ಜನ ಮರಗಳನ್ನು ಅಪ್ಪಿಕೊಂಡು ನಿಂತರು. ಅವರು ತಡೆದದ್ದು ಕಳ್ಳರನ್ನಲ್ಲ. ಅದು ಇಲಾಖೆಯ ಅನುಮತಿ ಇದ್ದ ಕಡಿತ.

ಆದ್ದರಿಂದ ನಿಮ್ಮಲ್ಲಿ ನನ್ನ ಬೇಡಿಕೆ ಇಷ್ಟು. ಸ್ಥಳ ಪರಿಶೀಲನೆಗೆ ಹೋದಾಗ ಜೀಪಿನಿಂದ ಇಳಿದು ನಡೆಯಿರಿ, ಹಳ್ಳದ ನೀರು ಯಾವ ತಿಂಗಳಿನವರೆಗೆ ಹರಿಯುತ್ತದೆಂದು ಊರವರನ್ನು ಕೇಳಿ. ನೆಡುತೋಪನ್ನು ನೆಡುತೋಪೆಂದೇ ಬರೆಯಿರಿ. ಕಾನು ಕಡಿಯುವ ಪ್ರಸ್ತಾವ ಬಂದರೆ ನಿಮ್ಮ ಅಸಮ್ಮತಿಯನ್ನು ಕಾರಣಸಹಿತ ಕಡತದಲ್ಲಿ ದಾಖಲಿಸಿ. ನಿಮಗೆ ವರ್ಗಾವಣೆ ಆದೀತು. ನೀವು ಬರೆದ ಟಿಪ್ಪಣಿ ಮಾತ್ರ ಕಡತದಲ್ಲೇ ಉಳಿಯುತ್ತದೆ, ನಾಳೆ ನ್ಯಾಯಾಲಯದಲ್ಲಿ ಕಾಡಿನ ಪರ ಹಾಜರುಪಡಿಸಲು ಊರವರಿಗೆ ಅದು ಸಿಗುತ್ತದೆ.